ಉಸಿರು ಮೊದಲು: ಕೈನಾಯ್ ನಾಡಿನ ಫೆಂಟನಿಲ್ ಬಿಕ್ಕಟ್ಟು ಮತ್ತು ಕರುಣೆಯ ಎರಡು ಅರ್ಥ

ಕೆನಡಾದ ಆಲ್ಬರ್ಟಾ ಪ್ರಾಂತ್ಯದ ದಕ್ಷಿಣ ಭಾಗದಲ್ಲಿ, ಅಮೆರಿಕದ ಗಡಿಗೆ ಸಮೀಪದಲ್ಲಿ ಕೈನಾಯ್ ಜನರ ಮೀಸಲು ಪ್ರದೇಶವಿದೆ. ಸರ್ಕಾರಿ ಕಾಗದಪತ್ರಗಳಲ್ಲಿ ಅದರ ಹೆಸರು ಬ್ಲಡ್ ಟ್ರೈಬ್. ಸುಮಾರು 1,400 ಚದರ ಕಿಲೋಮೀಟರ್ ಹುಲ್ಲುಗಾವಲು, ಅಂದರೆ ಹಳೆಯ ಬಿಬಿಎಂಪಿ ವ್ಯಾಪ್ತಿಯ ಹೆಚ್ಚುಕಡಿಮೆ ಎರಡು ಪಟ್ಟು. ವಿಸ್ತೀರ್ಣದಲ್ಲಿ ಕೆನಡಾದ ಮೀಸಲು ಪ್ರದೇಶಗಳಲ್ಲೇ ದೊಡ್ಡದು. ಸಮುದಾಯದ ಸದಸ್ಯರ ಸಂಖ್ಯೆ 12,000 ದಾಟುತ್ತದೆ. ಮನೆಗಳು ಒಂದಕ್ಕೊಂದು ದೂರ, ರಸ್ತೆಗಳು ಉದ್ದ, ಚಳಿಗಾಲ ದೀರ್ಘ. ಈ ಭೂಗೋಳವನ್ನು ನೆನಪಿನಲ್ಲಿಟ್ಟುಕೊಂಡರೆ ಮುಂದಿನ ಮಾತೆಲ್ಲ ಸುಲಭವಾಗಿ ಅರ್ಥವಾಗುತ್ತದೆ.

ಈ ಸಮುದಾಯದವರೇ ಆದ ಎಲ್ಲೆ-ಮಾಯ್ಯಾ ಟೇಲ್‌ಫೆದರ್ಸ್ 2021ರಲ್ಲಿ ಒಂದು ಸಾಕ್ಷ್ಯಚಿತ್ರ ತೆರೆಗೆ ತಂದರು. ಹೆಸರು ‘ಕಿಮ್ಮಪೀಯಿಪಿಟ್ಸಿನಿ’. ಒಬ್ಬರಿಗೊಬ್ಬರು ಕರುಣೆ ತೋರುವುದು, ಇನ್ನೊಬ್ಬರ ನೋವಿಗೆ ಮಿಡಿಯುವುದು ಎಂಬ ಅರ್ಥದ ಬ್ಲ್ಯಾಕ್‌ಫುಟ್ ಭಾಷೆಯ ಪದ ಅದು. ನಿರ್ದೇಶಕಿಯ ತಾಯಿ ಡಾ. ಎಸ್ತರ್ ಟೇಲ್‌ಫೆದರ್ಸ್ ಅದೇ ಊರಿನ ವೈದ್ಯೆ. ಫೆಂಟನಿಲ್ ಎಂಬ ಅತಿ ತೀವ್ರ ಮಾದಕಕ್ಕೆ ತಮ್ಮ ಜನ ಸಾಲುಸಾಲಾಗಿ ಸಾಯುವುದನ್ನು ಕಂಡು ಅವರು ಮತ್ತು ಅವರ ಜೊತೆಗಾರರು ಏನು ಮಾಡಿದರು, ಯಾವುದು ಕೆಲಸ ಮಾಡಿತು, ಎಲ್ಲಿ ಸಮುದಾಯದೊಳಗೇ ಭಿನ್ನಾಭಿಪ್ರಾಯ ಎದ್ದಿತು ಎಂಬುದನ್ನು ಚಿತ್ರ ಹಲವು ವರ್ಷಗಳ ಅವಧಿಯಲ್ಲಿ ಹಿಂಬಾಲಿಸುತ್ತದೆ. ಚಿತ್ರ ಬಂದ ಮೇಲೆ ಆಲ್ಬರ್ಟಾದ ರಾಜಕೀಯ ಇನ್ನೊಂದು ದಿಕ್ಕಿಗೆ ತಿರುಗಿದೆ. ಹಾಗಾಗಿ ಅದು ಎತ್ತಿದ ಪ್ರಶ್ನೆ ಈಗ ಇನ್ನೂ ತುರ್ತಿನದು: ವ್ಯಸನಿಗೆ ಸಹಾಯ ಸಿಗಬೇಕಾದರೆ ಅವನು ಮೊದಲು ಚಟ ಬಿಡಬೇಕೆ, ಅಥವಾ ಚಟ ಇರುವಾಗಲೇ ಅವನ ಜೀವ ಉಳಿಸಬೇಕೆ?

ಹಸಿರು ಮಾತ್ರೆ ಬಂದ ದಾರಿ

ಅಮೆರಿಕದ ಪರ್ಡ್ಯೂ ಕಂಪನಿಯ ನೋವುನಿವಾರಕ ಆಕ್ಸಿಕಾಂಟಿನ್ 1996ರಲ್ಲಿ ಮಾರುಕಟ್ಟೆಗೆ ಬಂತು. ನಿಧಾನವಾಗಿ ಕರಗುವ ಮಾತ್ರೆ, ಚಟ ಹಿಡಿಯುವ ಸಂಭವ ಕಡಿಮೆ ಎಂದು ಕಂಪನಿ ಪ್ರಚಾರ ಮಾಡಿತು. ಅದು ಸುಳ್ಳು. ಮಾತ್ರೆಯನ್ನು ಪುಡಿಮಾಡಿದರೆ 12 ತಾಸಿನ ಔಷಧಿ ಒಂದೇ ಸಲಕ್ಕೆ ಮೈಗೆ ಸೇರುತ್ತಿತ್ತು. 2012ರಲ್ಲಿ ಕೆನಡಾದಲ್ಲಿ ಹಳೆಯ ಮಾತ್ರೆಯನ್ನು ಹಿಂತೆಗೆದು, ಪುಡಿಮಾಡಲಾಗದ ಹೊಸ ರೂಪವನ್ನು ತಂದರು. ಆದರೆ ಅಷ್ಟು ಹೊತ್ತಿಗೆ ಸಾವಿರಾರು ಜನರಿಗೆ ಅಭ್ಯಾಸವಾಗಿತ್ತು. ಮಾತ್ರೆ ಹೋಯಿತು, ಬೇಡಿಕೆ ಉಳಿಯಿತು. ಆ ಖಾಲಿ ಜಾಗಕ್ಕೆ ಬಂದದ್ದು ನಕಲಿ: ಒಂದು ಬದಿಗೆ ‘ಸಿಡಿಎನ್’, ಇನ್ನೊಂದು ಬದಿಗೆ ‘80’ ಎಂದು ಅಚ್ಚೊತ್ತಿದ, ನೋಡಲು ಅಸಲಿಯಂತೆಯೇ ಇರುವ ಹಸಿರು ಮಾತ್ರೆ. ಒಳಗಿದ್ದದ್ದು ಫೆಂಟನಿಲ್.

ಫೆಂಟನಿಲ್ ಮಾರ್ಫಿನ್‌ಗಿಂತ 50ರಿಂದ 100 ಪಟ್ಟು ತೀವ್ರ. ಅಭ್ಯಾಸವಿಲ್ಲದವರಿಗೆ 2 ಮಿಲಿಗ್ರಾಂ ಕೂಡ ಪ್ರಾಣಾಂತಿಕವಾಗಬಹುದು. ಅಂದರೆ ಕೆಲವೇ ಉಪ್ಪಿನ ಹರಳುಗಳಷ್ಟು. ಆಸ್ಪತ್ರೆಯಲ್ಲಿ ಅರಿವಳಿಕೆ ತಜ್ಞರು ಇದನ್ನು ಮೈಕ್ರೋಗ್ರಾಂ ಲೆಕ್ಕದಲ್ಲಿ ಅಳೆದು ಕೊಡುತ್ತಾರೆ, ಉಸಿರಾಟದ ಮೇಲೆ ಕಣ್ಣಿಟ್ಟಿರುತ್ತಾರೆ. ಕಳ್ಳ ಅಂಗಡಿಯಲ್ಲಿ ಅಂಥ ಅಳತೆ ಇಲ್ಲ. ಮೈದಾದಂಥ ಯಾವುದೋ ಪುಡಿಗೆ ಚಿಟಿಕೆ ಫೆಂಟನಿಲ್ ಬೆರೆಸಿ ಅಚ್ಚು ಒತ್ತುತ್ತಾರೆ. ಉಪ್ಪು ಸರಿಯಾಗಿ ಬೆರೆಯದ ಉಪ್ಪಿಟ್ಟಿನಲ್ಲಿ ಒಂದು ತುತ್ತು ಸಪ್ಪೆ, ಇನ್ನೊಂದು ತುತ್ತು ಬಾಯಿಗಿಡಲಾಗದಷ್ಟು ಉಪ್ಪು ಇರುವ ಹಾಗೆ, ಒಂದೇ ಪೊಟ್ಟಣದ ಒಂದು ಮಾತ್ರೆ ಏನೂ ಮಾಡುವುದಿಲ್ಲ, ಪಕ್ಕದ್ದು ಕೊಲ್ಲುತ್ತದೆ. ‘ಅವನಿಗೆ ತನ್ನ ಮಿತಿ ಗೊತ್ತಿತ್ತಲ್ಲ’ ಎಂದು ಸತ್ತವನ ಗೆಳೆಯರು ದಿಗ್ಭ್ರಮೆಗೊಳ್ಳುವುದು ಇದೇ ಕಾರಣಕ್ಕೆ. ಮಿತಿ ಗೊತ್ತಿದ್ದವನಿಗೂ ಮಾತ್ರೆಯೊಳಗಿನ ಪ್ರಮಾಣ ಗೊತ್ತಿರಲು ಸಾಧ್ಯವಿಲ್ಲ.

2014ರ ಹೊತ್ತಿಗೆ ಕೈನಾಯ್‌ನಲ್ಲಿ ಸಾವುಗಳು ಶುರುವಾದವು. 2015ರ ಮಾರ್ಚ್‌ನಲ್ಲಿ ಬುಡಕಟ್ಟು ಮಂಡಳಿ ತುರ್ತು ಪರಿಸ್ಥಿತಿ ಘೋಷಿಸಿತು. ಬ್ರಿಟಿಷ್ ಕೊಲಂಬಿಯಾ ಪ್ರಾಂತ್ಯ ಆರೋಗ್ಯ ತುರ್ತು ಘೋಷಿಸಿದ್ದು 2016ರ ಏಪ್ರಿಲ್‌ನಲ್ಲಿ. ಅಂದರೆ ಒಂದು ಬುಡಕಟ್ಟು ಪ್ರಾಂತ್ಯವೊಂದಕ್ಕಿಂತ ಒಂದು ವರ್ಷ ಮೊದಲೇ ಬೆಂಕಿಯನ್ನು ಗುರುತಿಸಿತ್ತು. ಅಲ್ಲಿಂದೀಚೆಗೆ, 2016ರ ಜನವರಿಯಿಂದ ಲೆಕ್ಕ ಹಿಡಿದರೆ, ಕೆನಡಾದಾದ್ಯಂತ ಫೆಂಟನಿಲ್, ಮಾರ್ಫಿನ್, ಹೆರಾಯಿನ್‌ನಂಥ ಅಫೀಮು ಬಗೆಯ ಮಾದಕಗಳಿಂದ, ಅಂದರೆ ಒಪಿಯಾಯ್ಡ್‌ಗಳಿಂದ ಸತ್ತವರ ಸಂಖ್ಯೆ 50,000 ದಾಟಿದೆ. ಆಲ್ಬರ್ಟಾದ ಜನಸಂಖ್ಯೆಯಲ್ಲಿ ಫಸ್ಟ್ ನೇಷನ್ಸ್ ಮೂಲನಿವಾಸಿಗಳ ಪಾಲು ಸುಮಾರು ಶೇ 6. 2020ರ ಮೊದಲ ಆರು ತಿಂಗಳ ಒಪಿಯಾಯ್ಡ್ ಸಾವುಗಳಲ್ಲಿ ಅವರ ಪಾಲು ಶೇ 22. ಬ್ರಿಟಿಷ್ ಕೊಲಂಬಿಯಾದಲ್ಲಿ 2023ರಲ್ಲಿ ಅವರ ಸಾವಿನ ದರ ಉಳಿದವರಿಗಿಂತ ಸುಮಾರು 6 ಪಟ್ಟು.

ಈ ಅಂತರಕ್ಕೆ ಬೇರು ಹಳೆಯದು. 1877ರ ಸೆಪ್ಟೆಂಬರ್‌ನಲ್ಲಿ ಈ ಜನರು ಮತ್ತು ಸರ್ಕಾರದ ನಡುವಿನ 7ನೇ ಒಪ್ಪಂದಕ್ಕೆ ಸಹಿ ಬಿತ್ತು. ಅದರ ಬೆನ್ನಲ್ಲೇ, ಅವರ ಬದುಕಿಗೆ ಆಧಾರವಾಗಿದ್ದ ಕಾಡೆಮ್ಮೆಯಂಥ ಬೈಸನ್ ಹಿಂಡುಗಳು ಆ ಬಯಲಿನಿಂದ ಮಾಯವಾದವು, ಹಸಿವು ಬಂತು. ಮಕ್ಕಳನ್ನು ಮನೆಯಿಂದ ಎಳೆದೊಯ್ದು ಭಾಷೆ ಮರೆಸುವ ವಸತಿ ಶಾಲೆಗಳು ಈ ನೆಲದಲ್ಲೇ ಎರಡು ಇದ್ದವು, ಒಂದು ಆಂಗ್ಲಿಕನ್ ಚರ್ಚಿನದು, ಇನ್ನೊಂದು ಕ್ಯಾಥೊಲಿಕ್ ಚರ್ಚಿನದು. ಕ್ಯಾಥೊಲಿಕ್ ಶಾಲೆ ಮುಚ್ಚಿದ್ದು 1988ರಲ್ಲಿ. ಅಲ್ಲಿ ಓದಿದ ಹಲವರು ಇನ್ನೂ ನಡುವಯಸ್ಸಿನವರು, ಇಂದಿನ ಇಪ್ಪತ್ತು-ಮೂವತ್ತರ ಯುವಜನರ ತಂದೆತಾಯಿ. ‘ಹಳೇ ಇತಿಹಾಸ’ ಎಂದು ಬದಿಗಿಡುವ ಅವಕಾಶವೇ ಇಲ್ಲ.

ನೆರೆಮನೆಯವರ ಕೈಗೆ ಔಷಧಿ

ಒಪಿಯಾಯ್ಡ್ ಓವರ್‌ಡೋಸ್‌ನಲ್ಲಿ ಸಾವು ಬರುವುದು ಉಸಿರು ನಿಂತು. ಮೆದುಳಿನ ಕಾಂಡದಲ್ಲಿ ಉಸಿರಾಟ ನಡೆಸುವ ಕೇಂದ್ರವನ್ನು ಔಷಧಿ ಮಂಕಾಗಿಸುತ್ತದೆ. ‘ಉಸಿರು ತಗೋ’ ಎಂಬ ಆಜ್ಞೆ ಹೋಗುವುದೇ ಇಲ್ಲ. ಆಮ್ಲಜನಕ ನಿಂತ ನಾಲ್ಕರಿಂದ ಆರು ನಿಮಿಷದಲ್ಲಿ ಮೆದುಳಿಗೆ ಹಾನಿ ಶುರು. ಮೀಸಲು ಪ್ರದೇಶದ ಕೇಂದ್ರ ಊರಾದ ಸ್ಟ್ಯಾಂಡ್ ಆಫ್‌ನಿಂದ ಲೆತ್‌ಬ್ರಿಡ್ಜ್ ನಗರ ಸುಮಾರು 50 ಕಿಲೋಮೀಟರ್. ಸ್ಥಳೀಯ ಆಂಬುಲೆನ್ಸ್ ಇದ್ದರೂ ಹಿಮದ ರಾತ್ರಿಯಲ್ಲಿ ಒಂಟಿ ಮನೆಯೊಂದಕ್ಕೆ ನಾಲ್ಕು ನಿಮಿಷದಲ್ಲಿ ತಲುಪಲಾರದು. ಪಕ್ಕದಲ್ಲಿ ಇರುವವರೇ ವೈದ್ಯರಾಗಬೇಕು. ಡಾ. ಟೇಲ್‌ಫೆದರ್ಸ್ ಮತ್ತು ಅವರ ಸಹೋದ್ಯೋಗಿಗಳು ಒಪಿಯಾಯ್ಡ್‌ನ ಪರಿಣಾಮ ತಡೆದು ಉಸಿರು ಮರಳಿಸುವ ನಲೊಕ್ಸೋನ್ ಔಷಧಿಯ ಕಿಟ್ ಹಂಚಲು ಹೊರಟದ್ದು ಈ ಲೆಕ್ಕದ ಮೇಲೆ. 2015ರಲ್ಲಿ ಅದಿನ್ನೂ ವೈದ್ಯರ ಚೀಟಿಯಿಲ್ಲದೆ ಸಿಗದ ಔಷಧಿ. ಕೆನಡಾ ಸರ್ಕಾರ ಆ ನಿರ್ಬಂಧ ತೆಗೆದದ್ದು 2016ರ ಮಾರ್ಚ್‌ನಲ್ಲಿ.

ಕಿಟ್‌ನಲ್ಲಿ 0.4 ಮಿಲಿಗ್ರಾಂನ ಮೂರು ಪುಟ್ಟ ಸೀಸೆ, ಮೂರು ಸಿರಿಂಜು, ಕೈಗವಸು, ಬಾಯಿಗೆ ಹಿಡಿದು ಉಸಿರು ಕೊಡಲು ಒಂದು ತಡೆಮುಸುಕು ಇರುತ್ತವೆ. ಬಳಸುವ ಕ್ರಮ ಸರಳ, ಆದರೆ ಕ್ರಮ ತಪ್ಪಿದರೆ ಜೀವ ಹೋಗುತ್ತದೆ. ಮೊದಲು ಹೆಗಲು ಅಲುಗಾಡಿಸಿ, ಹೆಸರು ಹಿಡಿದು ಗಟ್ಟಿಯಾಗಿ ಕೂಗಬೇಕು, ಎದೆಯ ಮೂಳೆಯ ಮೇಲೆ ಗೆಣ್ಣಿನಿಂದ ತಿಕ್ಕಬೇಕು. ಎಚ್ಚರವಾಗದಿದ್ದರೆ ಅಲ್ಲಿನ ತುರ್ತು ಸಂಖ್ಯೆ 911ಕ್ಕೆ ಕರೆ. ತುಟಿ, ಉಗುರು ನೀಲಿಗಟ್ಟಿದ್ದರೆ, ಕಣ್ಣಿನ ಪಾಪೆ ಸೂಜಿಮೊನೆಯಷ್ಟಾಗಿದ್ದರೆ, ಗೊರಗೊರ ಸದ್ದು ಬರುತ್ತಿದ್ದರೆ ಅದು ಓವರ್‌ಡೋಸ್. ಈ ಗೊರಗೊರ ಸದ್ದನ್ನು ಗೊರಕೆ ಎಂದುಕೊಂಡು ‘ಮಲಗಲಿ ಬಿಡು’ ಎಂದು ಕದ ಮುಚ್ಚಿ ಹೋದ ಮನೆಗಳಲ್ಲಿ ಬೆಳಿಗ್ಗೆ ಹೆಣ ಸಿಕ್ಕಿದೆ. ತಲೆ ಹಿಂದಕ್ಕೆ ವಾಲಿಸಿ, ಬಾಯಲ್ಲಿ ಏನಾದರೂ ಸಿಕ್ಕಿಕೊಂಡಿದ್ದರೆ ತೆಗೆದು, ಮೂಗು ಹಿಡಿದು, ಐದು ಸೆಕೆಂಡಿಗೊಂದರಂತೆ ಉಸಿರು ಕೊಡಬೇಕು. ಆಮೇಲೆ ಒಂದು ಸೀಸೆ ಮುರಿದು, ಔಷಧಿ ಎಳೆದು, ತೊಡೆಯ ನಡುಭಾಗದ ಹೊರಮಗ್ಗುಲಿಗೆ ಸೂಜಿಯನ್ನು ನೇರವಾಗಿ ಚುಚ್ಚಬೇಕು. ಪ್ಯಾಂಟಿನ ಮೇಲಿಂದಲೇ ಚುಚ್ಚಿದರೂ ಆದೀತು. ಮತ್ತೆ ಉಸಿರು ಕೊಡುತ್ತಲೇ ಎರಡು ಮೂರು ನಿಮಿಷ ಕಾಯಬೇಕು. ಏಳದಿದ್ದರೆ ಎರಡನೆಯದು.

ಇಲ್ಲಿ ಆಗುವ ದೊಡ್ಡ ತಪ್ಪು, ಗಾಬರಿಯಲ್ಲಿ ಉಸಿರು ಕೊಡುವುದನ್ನು ಬಿಟ್ಟು ಸೀಸೆಯ ಮೇಲೆ ಸೀಸೆ ಚುಚ್ಚುವುದು. ಬೇಕಿರುವುದು ಉಸಿರು, ಎಚ್ಚರ ಆಮೇಲೆ ತಾನಾಗಿ ಬರುತ್ತದೆ. ಹೆಚ್ಚು ನಲೊಕ್ಸೋನ್ ಒಮ್ಮೆಲೇ ಹೋದರೆ ಆತ ವಾಂತಿ, ನಡುಕ, ಮೈಕೈ ನೋವಿನ, ಅಮಲು ಥಟ್ಟನೆ ಕಡಿದಾಗ ಬರುವ ತೀವ್ರ ವಿಡ್ರಾವಲ್‌ನಲ್ಲಿ ಏಳುತ್ತಾನೆ. ಆ ಸಂಕಟ ತಾಳಲಾರದೆ ಓಡಿಹೋಗಿ ಮತ್ತೆ ಸೇವಿಸುತ್ತಾನೆ. ಎರಡನೇ ತಪ್ಪು, ‘ಎದ್ದನಲ್ಲ, ಮುಗಿಯಿತು’ ಎಂದು ಒಬ್ಬನನ್ನೇ ಬಿಟ್ಟುಹೋಗುವುದು. ನಲೊಕ್ಸೋನ್ ಕೆಲಸ ಮಾಡುವುದು 30ರಿಂದ 90 ನಿಮಿಷ. ಮೈಯೊಳಗಿನ ಒಪಿಯಾಯ್ಡ್ ಅದಕ್ಕಿಂತ ಹೆಚ್ಚು ಹೊತ್ತು ಉಳಿದಿದ್ದರೆ ಉಸಿರು ಮತ್ತೆ ನಿಲ್ಲಬಹುದು. ಇತ್ತೀಚಿನ ವರ್ಷಗಳಲ್ಲಿ ಕಳ್ಳ ಮಾಲಿನೊಳಗೆ ನಿದ್ದೆ ಬರಿಸುವ ಬೆಂಜೊಡಯಾಜಪೈನ್ ಜಾತಿಯ ರಾಸಾಯನಿಕಗಳೂ ಸೇರಿಕೊಂಡಿವೆ. ಅವುಗಳ ಮೇಲೆ ನಲೊಕ್ಸೋನ್‌ನ ಆಟ ನಡೆಯುವುದಿಲ್ಲ. ಉಸಿರು ಮರಳಿದರೂ ಮನುಷ್ಯ ತಾಸುಗಟ್ಟಲೆ ಏಳದೆ ಇರಬಹುದು. ಅದಕ್ಕೇ ಪಕ್ಕಕ್ಕೆ ಮಗ್ಗುಲಾಗಿ ಮಲಗಿಸಿ ಕಾಯಬೇಕೆನ್ನುವುದು.

ಪೊಲೀಸರ ಭಯದಿಂದ ಕರೆ ಮಾಡದೆ ಉಳಿದವರಿಗಾಗಿ 2017ರ ಮೇ ತಿಂಗಳಲ್ಲಿ ಕೆನಡಾ ಒಂದು ಕಾನೂನು ತಂದಿತು. ಓವರ್‌ಡೋಸ್ ಸ್ಥಳದಿಂದ ಸಹಾಯಕ್ಕೆ ಕರೆದವರ ಮೇಲೆ, ಅಲ್ಲಿದ್ದವರ ಮೇಲೆ ಮಾದಕ ವಸ್ತು ಇಟ್ಟುಕೊಂಡ ಕಾರಣಕ್ಕಷ್ಟೇ ಮೊಕದ್ದಮೆ ಹೂಡುವಂತಿಲ್ಲ. (ಕ್ಯಾಲ್ಗರಿ, ಎಡ್ಮಂಟನ್‌ಗಳಲ್ಲಿ ಓದುತ್ತಿರುವ, ದುಡಿಯುತ್ತಿರುವ ಕನ್ನಡಿಗರಿಗೆ ಒಂದು ಮಾತು: ಈ ಕಿಟ್ ಆಲ್ಬರ್ಟಾದ ಬಹುತೇಕ ಔಷಧಿ ಅಂಗಡಿಗಳಲ್ಲಿ ಉಚಿತ, ಚೀಟಿ ಬೇಡ. ಹಂಚಿಕೊಂಡ ಬಾಡಿಗೆ ಮನೆಯಲ್ಲಿ ಇರುವವರು ಒಂದನ್ನು ತಂದಿಟ್ಟುಕೊಳ್ಳಿ.)

ನಾಲಿಗೆಯ ಕೆಳಗಿನ ಮಾತ್ರೆ

ನಲೊಕ್ಸೋನ್ ಒಂದು ರಾತ್ರಿಯನ್ನು ದಾಟಿಸುತ್ತದೆ. ಮರುದಿನ ಬೆಳಿಗ್ಗೆ ಅದೇ ದೇಹ, ಅದೇ ಹಂಬಲ. ಅಲ್ಲಿಂದ ಮುಂದಕ್ಕೆ ಬೇಕಾದದ್ದು ತಾನೂ ಒಪಿಯಾಯ್ಡ್ ಆಗಿದ್ದು ಹಂಬಲ ಅಡಗಿಸುವ ಔಷಧಿ ಬ್ಯುಪ್ರೆನಾರ್ಫಿನ್, ನಲೊಕ್ಸೋನ್ ಜೊತೆ ಸೇರಿದ ಸಬಾಕ್ಸೋನ್ ರೂಪದಲ್ಲಿ. ‘ಒಂದು ಚಟದ ಬದಲು ಇನ್ನೊಂದು ಚಟ’ ಎಂಬ ಆಕ್ಷೇಪ ಎಲ್ಲ ಕಡೆಯಂತೆ ಇಲ್ಲಿಯೂ ಕೇಳಿಬರುತ್ತದೆ. ಔಷಧಿ ಹೇಗೆ ಕೆಲಸ ಮಾಡುತ್ತದೆಂದು ತಿಳಿದರೆ ಆ ಆಕ್ಷೇಪಕ್ಕೆ ಬಲ ಉಳಿಯುವುದಿಲ್ಲ.

ಮೆದುಳಿನ ಒಪಿಯಾಯ್ಡ್ ಗ್ರಾಹಿಗಳಿಗೆ, ಅಂದರೆ ಒಪಿಯಾಯ್ಡ್ ಬಂದು ಕೂರುವ ಜಾಗಗಳಿಗೆ, ಬ್ಯುಪ್ರೆನಾರ್ಫಿನ್ ಬಹಳ ಬಿಗಿಯಾಗಿ ಅಂಟಿಕೊಳ್ಳುತ್ತದೆ, ಆದರೆ ಅರ್ಧಂಬರ್ಧ ಮಾತ್ರ ಕೆರಳಿಸುತ್ತದೆ. ಹಂಬಲ ಅಡಗುತ್ತದೆ, ವಿಡ್ರಾವಲ್ ಇಳಿಯುತ್ತದೆ, ಅಮಲು ಏರುವುದಿಲ್ಲ. ಪ್ರಮಾಣ ಹೆಚ್ಚಿಸುತ್ತ ಹೋದರೂ ಉಸಿರಾಟದ ಮೇಲಿನ ಪರಿಣಾಮ ಒಂದು ಹಂತದಲ್ಲಿ ನಿಂತುಬಿಡುತ್ತದೆ. ಇದರ ಮೇಲೆ ಫೆಂಟನಿಲ್ ಸೇವಿಸಿದರೆ ಗ್ರಾಹಿಯಲ್ಲಿ ಜಾಗವೇ ಸಿಗದೆ ಅದರ ಹೊಡೆತ ತಗ್ಗುತ್ತದೆ. ಮಾತ್ರೆಯನ್ನು ನಾಲಿಗೆಯ ಕೆಳಗಿಟ್ಟು ಐದು ಹತ್ತು ನಿಮಿಷ ಕರಗಲು ಬಿಡಬೇಕು. ನುಂಗಿದರೆ ಯಕೃತ್ತು ಅದನ್ನು ಬಹುಪಾಲು ಒಡೆದುಹಾಕುತ್ತದೆ, ಔಷಧಿ ವ್ಯರ್ಥ. ಅದರಲ್ಲಿ ನಾಲ್ಕಕ್ಕೊಂದು ಪಾಲು ಬೆರೆಸಿದ ನಲೊಕ್ಸೋನ್ ನಾಲಿಗೆಯ ಕೆಳಗೆ ಏನೂ ಮಾಡುವುದಿಲ್ಲ. ಕರಗಿಸಿ ನರಕ್ಕೆ ಚುಚ್ಚಿಕೊಂಡರೆ ಮಾತ್ರ ವಿಡ್ರಾವಲ್ ಎಬ್ಬಿಸುತ್ತದೆ. ಅದು ದುರ್ಬಳಕೆಗೆ ಹಾಕಿದ ಬೀಗ.

ಕಷ್ಟವಿರುವುದು ಆರಂಭದಲ್ಲಿ. ಮೈಯಲ್ಲಿ ಫೆಂಟನಿಲ್ ತುಂಬಿರುವಾಗ ಬ್ಯುಪ್ರೆನಾರ್ಫಿನ್ ಕೊಟ್ಟರೆ ಅದು ಫೆಂಟನಿಲನ್ನು ಗ್ರಾಹಿಗಳಿಂದ ಕಿತ್ತೊಗೆಯುತ್ತದೆ. ಪೂರ್ಣ ಪ್ರಚೋದನೆಯಿಂದ ಅರ್ಧಕ್ಕೆ ಏಕಾಏಕಿ ಕುಸಿತ, ನಿಮಿಷಗಳಲ್ಲಿ ಭೀಕರ ವಿಡ್ರಾವಲ್. ಒಮ್ಮೆ ಹಾಗಾದವನು ಆ ಮಾತ್ರೆಯ ಹೆಸರೆತ್ತಿದರೆ ಕ್ಲಿನಿಕ್‌ನತ್ತ ಸುಳಿಯುವುದಿಲ್ಲ, ಗೆಳೆಯರನ್ನೂ ಹೋಗಗೊಡುವುದಿಲ್ಲ. ಹಾಗಾಗಿ ಬೆವರು, ಆಕಳಿಕೆ, ಮೈ ನವಿರೇಳುವುದು, ಹೊಟ್ಟೆ ತೊಳೆಸುವುದು ಇತ್ಯಾದಿ ಲಕ್ಷಣಗಳಿಗೆ ಅಂಕ ಹಾಕಿ, ಮಧ್ಯಮ ವಿಡ್ರಾವಲ್ ತಲುಪಿದ ಮೇಲೆ 2ರಿಂದ 4 ಮಿಲಿಗ್ರಾಂ ಕೊಡುತ್ತಾರೆ. ತಾಸೆರಡು ತಾಸು ನೋಡಿ ಏರಿಸುತ್ತಾರೆ. ದಿನಕ್ಕೆ 16ರಿಂದ 24 ಮಿಲಿಗ್ರಾಂಗೆ ನಿಲ್ಲುವವರು ಹೆಚ್ಚು. ಹೆರಾಯಿನ್ ಕಾಲದಲ್ಲಿ 12 ತಾಸು ಕಾದರೆ ಸಾಕಾಗುತ್ತಿತ್ತು. ಫೆಂಟನಿಲ್ ಕೊಬ್ಬಿನಲ್ಲಿ ಸೇರಿಕೊಂಡು ನಿಧಾನವಾಗಿ ಸೋರುತ್ತದೆ, 24 ತಾಸು ಕಾದರೂ ಕೆಲವರಿಗೆ ಕೈಕೊಡುತ್ತದೆ. ಅದಕ್ಕೆ ಬಂದ ಉಪಾಯವೇ ಸೂಕ್ಷ್ಮ ಪ್ರಮಾಣದ ಆರಂಭ: 0.5 ಮಿಲಿಗ್ರಾಂನಿಂದ ಹಿಡಿದು ವಾರದಲ್ಲಿ ಮೆಲ್ಲಮೆಲ್ಲನೆ ಏರಿಸುವುದು. ವಿಡ್ರಾವಲ್‌ಗೆ ಕಾಯುವ ಶಿಕ್ಷೆಯೇ ಇಲ್ಲ.

ಇನ್ನು ನಿತ್ಯದ ತೊಡಕುಗಳು. ಕಾರಿಲ್ಲದವನು ದಿನಾ ಔಷಧಿ ಅಂಗಡಿಗೆ ಹೋಗುವುದು ಹೇಗೆ? ಫೋನ್ ಚಾರ್ಜ್ ಇಲ್ಲದವನಿಗೆ ಅಪಾಯಿಂಟ್‌ಮೆಂಟ್ ನೆನಪಿಸುವುದು ಹೇಗೆ? ಹತ್ತು ಜನ ಮಲಗುವ ಮನೆಯಲ್ಲಿ ಮಾತ್ರೆ ಇಡುವುದೆಲ್ಲಿ? ತಿಂಗಳಿಗೊಮ್ಮೆ ಚರ್ಮದಡಿ ಕೊಡುವ ಬ್ಯುಪ್ರೆನಾರ್ಫಿನ್ ಚುಚ್ಚುಮದ್ದಿಗೆ ಕೆನಡಾ 2018ರಲ್ಲಿ ಒಪ್ಪಿಗೆ ಕೊಟ್ಟದ್ದು, ಫೋನಿನಲ್ಲೇ ವೈದ್ಯರು ಅದೇ ದಿನ ಚೀಟಿ ಬರೆಯುವ ಆಲ್ಬರ್ಟಾದ ವ್ಯವಸ್ಥೆ 2017ರಲ್ಲಿ ಶುರುವಾದದ್ದು, ಇವೆರಡೂ ಇಂಥ ಊರುಗಳಿಗೆ ಯಾವ ಭಾಷಣಕ್ಕಿಂತಲೂ ಹೆಚ್ಚು ನೆರವಾಗುವಂಥವು.

ನಮ್ಮ ಮದ್ಯವರ್ಜನ ಶಿಬಿರದ ಲೆಕ್ಕ ಇಲ್ಲಿ ಏಕೆ ಹೊಂದುವುದಿಲ್ಲ

ಕರ್ನಾಟಕದ ಊರುಗಳಲ್ಲಿ ಧರ್ಮಸ್ಥಳದ ಯೋಜನೆಯವರು ನಡೆಸುವ ಮದ್ಯವರ್ಜನ ಶಿಬಿರ ಗೊತ್ತಿಲ್ಲದವರು ಕಡಿಮೆ. ಎಂಟು ದಿನ ಕುಡಿತದಿಂದ ದೂರವಿಟ್ಟು, ಭಜನೆ, ಸಲಹೆ, ಮನೆಯವರ ಮುಂದೆ ಪ್ರತಿಜ್ಞೆ. ಅದರಿಂದ ಬದುಕಿದ ಸಂಸಾರಗಳಿವೆ. ಈ ಅನುಭವವಿರುವ ಓದುಗರಿಗೆ ‘ಮೊದಲು ಬಿಡಲಿ, ಆಮೇಲೆ ನೋಡೋಣ’ ಎನ್ನುವುದು ಸಹಜವಾಗಿ ತೋರುತ್ತದೆ. ಕೈನಾಯ್‌ನ ಹಿರಿಯರಿಗೂ ಹಾಗೆಯೇ ತೋರಿತು, ಮತ್ತು ಅವರ ಕಾರಣ ಗೌರವಕ್ಕೆ ಅರ್ಹವಾದದ್ದು. ಮದ್ಯ ಅವರ ಒಂದು ತಲೆಮಾರನ್ನೇ ತಿಂದಿತ್ತು. ಪೂರ್ತಿ ಬಿಟ್ಟವರೇ ಉಳಿದರು, ಅವರೇ ಆಚರಣೆಗಳನ್ನು ಮರಳಿ ಕಟ್ಟಿದರು. ಅವರ ಪಾಲಿಗೆ ಸಂಯಮ ಎಂದರೆ ಪುನರ್ಜನ್ಮ. ಅದೇ ಬಗೆಯ ಇನ್ನೊಂದು ಔಷಧಿ ಮೆಥಡೋನ್ ಕುಡಿಯುತ್ತಿರುವವನನ್ನು, ಸಬಾಕ್ಸೋನ್ ತೆಗೆದುಕೊಳ್ಳುತ್ತಿರುವವಳನ್ನು ‘ಶುದ್ಧ’ ಎಂದು ಒಪ್ಪಲು ಕಷ್ಟವಾದದ್ದು ಅದಕ್ಕೇ. ಸಾಕ್ಷ್ಯಚಿತ್ರದ ದೊಡ್ಡಗುಣ, ಈ ಜಗಳವನ್ನು ಮುಚ್ಚಿಡದೆ, ಯಾರನ್ನೂ ಖಳರನ್ನಾಗಿಸದೆ ತೋರಿಸುವುದು.

ಆದರೆ ಎರಡು ವಸ್ತುಗಳ ಸ್ವಭಾವ ಉಲ್ಟಾ. ಬಹುಕಾಲ ವಿಪರೀತ ಕುಡಿದವನಿಗೆ ಥಟ್ಟನೆ ಬಿಡುವುದೇ ಅಪಾಯ. ಫಿಟ್ಸ್, ಸನ್ನಿ ಬಂದು ಸಾಯಬಹುದು. ಬಿಟ್ಟ ತಿಂಗಳ ನಂತರ ಒಂದು ಲೋಟ ಕುಡಿದರೆ ಅಂದೇ ಸಾಯುವುದು ಅಪರೂಪ. ಒಪಿಯಾಯ್ಡ್‌ನಲ್ಲಿ ವಿಡ್ರಾವಲ್ ನರಕ, ಆದರೆ ಅದರಿಂದ ಸಾಯುವವರು ವಿರಳ. ಸಾಯುವುದು ಮರಳಿ ಸೇವಿಸಿದಾಗ. ಕೆಲವು ದಿನ, ಒಂದೆರಡು ವಾರ ಬಿಟ್ಟರೆ ದೇಹದ ತಾಳಿಕೆ ಕುಸಿಯುತ್ತದೆ. ತಿಂಗಳ ಹಿಂದೆ ಸಲೀಸಾಗಿ ತಡೆದುಕೊಂಡ ಪ್ರಮಾಣವೇ ಈಗ ಉಸಿರು ನಿಲ್ಲಿಸುತ್ತದೆ. ಜೈಲಿನಿಂದ ಬಿಡುಗಡೆಯಾದ ಮೊದಲ ವಾರಗಳು, ಔಷಧಿ ಕೊಡದ ಶಿಬಿರದಿಂದ ಹೊರಬಂದ ಮೊದಲ ವಾರಗಳು ಒಪಿಯಾಯ್ಡ್ ವ್ಯಸನಿಯ ಬದುಕಿನಲ್ಲಿ ಅತ್ಯಂತ ಅಪಾಯದ ದಿನಗಳು. ಮೆಥಡೋನ್ ಅಥವಾ ಬ್ಯುಪ್ರೆನಾರ್ಫಿನ್ ಮುಂದುವರಿಸುವವರಲ್ಲಿ ಸಾವಿನ ಅಪಾಯ ಅರ್ಧಕ್ಕಿಂತಲೂ ಕೆಳಗಿಳಿಯುತ್ತದೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಒಪಿಯಾಯ್ಡ್ ವ್ಯಸನಕ್ಕೆ ಬ್ಯುಪ್ರೆನಾರ್ಫಿನ್ ಕೊಡುವುದೂ ಇದೇ ತಿಳಿವಳಿಕೆಯ ಮೇಲೆ.

ಮೈಯನ್ನು ಹದಕ್ಕೆ ತರುವ ಡಿಟಾಕ್ಸ್ ವಾರ ಹತ್ತು ದಿನದ್ದು. ಅದಾದ ಮೇಲೆ ಸೇರಬೇಕಾದ ದೀರ್ಘ ಚಿಕಿತ್ಸಾ ಕೇಂದ್ರಗಳಿಗೆ ವಾರಗಟ್ಟಲೆ ಸರದಿ. ಕೆಲವು ಕೇಂದ್ರಗಳು ಸಬಾಕ್ಸೋನ್ ಮೇಲಿರುವವರನ್ನು ಸೇರಿಸಿಕೊಳ್ಳಲೇ ಒಪ್ಪುತ್ತಿರಲಿಲ್ಲ. ಅಂದರೆ, ತಾಳಿಕೆ ಕಳೆದುಕೊಂಡವನನ್ನು ಔಷಧಿಯೂ ಇಲ್ಲದೆ ಹಳೆಯ ಮನೆಗೆ, ಹಳೆಯ ಗೆಳೆಯರ ನಡುವೆ ಕಾಯಲು ಕಳುಹಿಸಿದಂತೆ. ಜೀವಗಳು ಬಿದ್ದುಹೋದದ್ದು ಬಹುಪಾಲು ಈ ಸಂದಿಯಲ್ಲಿ.

ಮುಚ್ಚಿದ ಬಾಗಿಲು, ಹೊಸ ಕಾನೂನು

ಲೆತ್‌ಬ್ರಿಡ್ಜ್‌ನಲ್ಲಿ 2018ರ ಆರಂಭದಲ್ಲಿ ಒಂದು ಮೇಲ್ವಿಚಾರಣಾ ಸೇವನಾ ಕೇಂದ್ರ ತೆರೆಯಿತು. ಜನ ತಾವೇ ತಂದ ಮಾಲನ್ನು ನರ್ಸುಗಳ ಕಣ್ಣೆದುರು ಸೇವಿಸುವ ಜಾಗ. ಚುಚ್ಚಿಕೊಳ್ಳುವವರಿಗಷ್ಟೇ ಅಲ್ಲದೆ ಹೊಗೆಯಾಗಿ ಸೇದುವವರಿಗೂ ಅಲ್ಲಿ ಕೋಣೆಗಳಿದ್ದವು. ಕೆಲವೇ ತಿಂಗಳಲ್ಲಿ ಅದು ಉತ್ತರ ಅಮೆರಿಕದಲ್ಲೇ ಅತಿ ಹೆಚ್ಚು ಜನ ಬರುವ ಕೇಂದ್ರವಾಯಿತು. ಬರುವವರಲ್ಲಿ ಮೂಲನಿವಾಸಿಗಳು ಬಹಳ. ಸುತ್ತಲಿನ ಅಂಗಡಿಯವರ ದೂರುಗಳು, ಬೀದಿಯಲ್ಲಿ ಬಿದ್ದ ಸಿರಿಂಜುಗಳು, ಕೇಂದ್ರದ ಹಣಕಾಸಿನ ಬಗ್ಗೆ ಸರ್ಕಾರದ ಲೆಕ್ಕಪರಿಶೋಧನೆ, ಎಲ್ಲ ಸೇರಿ 2020ರ ಆಗಸ್ಟ್ ಕೊನೆಗೆ ಬಾಗಿಲು ಹಾಕಿತು. ಅದೇ ವರ್ಷದ ಕೊನೆಗೆ, ಮೊಕದ್ದಮೆ ಹೂಡುವಷ್ಟು ಸಾಕ್ಷ್ಯ ಇಲ್ಲವೆಂದು ಪೊಲೀಸರು ಆ ಹಣಕಾಸಿನ ತನಿಖೆ ಮುಗಿಸಿದರು. ಬದಲಿಗೆ ಬಂದದ್ದು ಒಂದು ಸಂಚಾರಿ ವಾಹನ, ಅದರಲ್ಲಿ ಸೇದುವವರಿಗೆ ಜಾಗವಿಲ್ಲ. ಮುಂದಿನ ವರ್ಷಗಳಲ್ಲಿ ಲೆತ್‌ಬ್ರಿಡ್ಜ್‌ನ ಸಾವಿನ ದರ ಪ್ರಾಂತ್ಯದ ನಗರಗಳಲ್ಲೇ ಅತಿ ಮೇಲಕ್ಕೆ ಹೋಯಿತು. ಕೋವಿಡ್ ಕಾಲ ಅದು, ಮಾಲೂ ವಿಷವಾಗುತ್ತಿತ್ತು, ಹಾಗಾಗಿ ಎಲ್ಲವನ್ನೂ ಒಂದು ಬಾಗಿಲಿನ ಲೆಕ್ಕಕ್ಕೆ ಬರೆಯುವುದು ಸರಿಯಲ್ಲ. ಆದರೆ ಉಸಿರು ನಿಂತವರಿಗೆ ಉಸಿರು ಕೊಡುತ್ತಿದ್ದ ಕೈಗಳನ್ನು ಸಾವು ಏರುತ್ತಿರುವಾಗ ತೆಗೆದದ್ದು ದೊಡ್ಡ ತಪ್ಪು.

ಆಲ್ಬರ್ಟಾ ಸರ್ಕಾರದ ಒಲವು ಈಗ ಚೇತರಿಕೆ ಕೇಂದ್ರಗಳ ಕಡೆಗೆ. ತಿಂಗಳುಗಟ್ಟಲೆ ಇದ್ದು ಬದುಕು ಕಟ್ಟಿಕೊಳ್ಳುವ ಹಾಸಿಗೆಗಳು ಬೇಕೇ ಬೇಕು, ಕೈನಾಯ್ ನಾಡೂ ತನ್ನದೇ ಕೇಂದ್ರಕ್ಕಾಗಿ ಪ್ರಾಂತ್ಯದೊಂದಿಗೆ ಕೈಜೋಡಿಸಿದೆ. 2024ರಲ್ಲಿ ಪ್ರಾಂತ್ಯದ ಒಪಿಯಾಯ್ಡ್ ಸಾವುಗಳು ಹಿಂದಿನ ವರ್ಷಕ್ಕಿಂತ ಮೂರನೇ ಒಂದು ಭಾಗಕ್ಕೂ ಹೆಚ್ಚು ಇಳಿದವು. ಸರ್ಕಾರ ಇದನ್ನು ತನ್ನ ನೀತಿಯ ಫಲವೆನ್ನುತ್ತದೆ. ಬೇರೆ ನೀತಿಯ ಬ್ರಿಟಿಷ್ ಕೊಲಂಬಿಯಾದಲ್ಲೂ, ಅಮೆರಿಕದಲ್ಲೂ ಅದೇ ವರ್ಷ ಸಾವು ಇಳಿದಿರುವುದರಿಂದ ಆ ಮಾತನ್ನು ಪೂರ್ತಿ ಒಪ್ಪಲಾಗದು.

2025ರಲ್ಲಿ ಅಲ್ಲಿನ ಶಾಸನಸಭೆ ಒಂದು ಕಾಯ್ದೆ ಅಂಗೀಕರಿಸಿತು. ಮನೆಯವರು, ವೈದ್ಯರು, ಪೊಲೀಸರು ಅರ್ಜಿ ಹಾಕಿದರೆ, ಆಯೋಗವೊಂದು ವಿಚಾರಣೆ ನಡೆಸಿ, ವ್ಯಸನಿಯನ್ನು ಅವನ ಒಪ್ಪಿಗೆಯಿಲ್ಲದೆ ಮೂರು ತಿಂಗಳವರೆಗೆ ಬೀಗ ಹಾಕಿದ ಕೇಂದ್ರದಲ್ಲಿ, ಇಲ್ಲವೇ ಆರು ತಿಂಗಳವರೆಗೆ ಸಮುದಾಯದಲ್ಲಿ ಚಿಕಿತ್ಸೆಗೆ ಒಳಪಡಿಸಬಹುದು. ಕಾಯ್ದೆಯ ಹೆಸರಿನಲ್ಲೇ ‘ಕರುಣೆ’ ಇದೆ. ಮಗ ಸಾಯುವುದನ್ನು ನೋಡಲಾರದ ತಾಯಿ ಈ ಅರ್ಜಿಗೆ ಸಹಿ ಹಾಕುವುದನ್ನು ಯಾರೂ ದೂಷಿಸಲಾಗದು. ಆದರೆ ಮಕ್ಕಳನ್ನು ಕಾನೂನಿನ ಬಲದಿಂದ ಮನೆಯಿಂದ ಒಯ್ದ ನೆನಪು ಇನ್ನೂ ಹಸಿಯಾಗಿರುವ ನಾಡಿನಲ್ಲಿ, ಪೊಲೀಸರ ಗಾಡಿ ಬಂದು ಒಯ್ಯುವುದಕ್ಕೂ ಕಿಮ್ಮಪೀಯಿಪಿಟ್ಸಿನಿಗೂ ಬಹಳ ದೂರ. ಆ ಪದದಲ್ಲಿ ಬಾಗಿಲು ತೆರೆದಿರುತ್ತದೆ. ಚಟ ಇದ್ದಾಗಲೂ ಒಳಗೆ ಬಾ ಎನ್ನುತ್ತದೆ.

ಈ ಕಾಯ್ದೆ ಜಾರಿಯಾಗುವಾಗ ಕೇಳಬೇಕಾದದ್ದು 91ನೇ ದಿನದ ಪ್ರಶ್ನೆ. ಬೀಗದ ಕೋಣೆಯಲ್ಲಿ ಮೂರು ತಿಂಗಳು ಕಳೆದು ತಾಳಿಕೆ ಪೂರ್ತಿ ಇಳಿದ ಒಬ್ಬ ಹುಡುಗ ಸ್ಟ್ಯಾಂಡ್ ಆಫ್‌ನ ಬಸ್‌ ಇಲ್ಲದ ರಸ್ತೆಯಲ್ಲಿ ಇಳಿಯುತ್ತಾನೆ. ಹಿಂದಿನ ದಿನ ಅವನಿಗೆ ತಿಂಗಳ ಚುಚ್ಚುಮದ್ದು ಹಾಕಿದ್ದಾರೆಯೇ? ಮುಂದಿನದು ಯಾವ ತಾರೀಖು, ಯಾವ ಕ್ಲಿನಿಕ್, ಕರೆದೊಯ್ಯುವ ಗಾಡಿ ಯಾರದು ಎಂದು ಬರೆದ ಚೀಟಿ ಜೇಬಿನಲ್ಲಿದೆಯೇ? ಮನೆಯಲ್ಲಿ ಮೂರು ಸೀಸೆಯ ಕಿಟ್ ಇದೆಯೇ, ಅದನ್ನು ಬಳಸಲು ಬರುವವರು ಆ ರಾತ್ರಿ ಮನೆಯಲ್ಲಿದ್ದಾರೆಯೇ?